ಕಿವಿ ಮುಟ್ಟಿದ ತಪ್ಪಿಗೆ

ಬಲಗೈಯನ್ನು ನೆತ್ತಿಯ ಮೇಲಿಂದ ಬಳಸಿ ತಂದು ಎಡಗಿವಿಯನ್ನು ಒಮ್ಮೆ ಮುಟ್ಟಿ ನೋಡಿ, ಗೆಳೆಯರೇ. ಮುಟ್ಟಿತೇ? ಹಾಗಾದರೆ ನಿಮಗೆ ಆರು ವರ್ಷ ತುಂಬಿದೆ. ಜಾತಕದ ಹಂಗಿಲ್ಲ, ಹೆತ್ತವಳ ಮಾತೂ ಬೇಡ. ವಾಮದಪದವಿನ ಕಡೆಯ ನಮ್ಮ ಶಾಲೆಯಲ್ಲಿ ಮಕ್ಕಳ ವಯಸ್ಸನ್ನು ನಿರ್ಣಯಿಸುತ್ತಿದ್ದ ಮಹಾಶಾಸ್ತ್ರ ಇದು. ಕಿವಿ ಎಟುಕಿದ ಮಕ್ಕಳನ್ನೆಲ್ಲ ಮಾಸ್ತರರು ಜೂನ್ ಒಂದರಂದು ಹುಟ್ಟಿಸಿಬಿಡುತ್ತಿದ್ದರು. ಊರಿನ ಹೆಂಗಸರೆಲ್ಲ ಮಾತಾಡಿಕೊಂಡವರಂತೆ ಒಂದೇ ದಿನ ಹೆತ್ತ ಈ ಪವಾಡಕ್ಕೆ ಯಾವ ಇನ್‌ಸ್ಪೆಕ್ಟರರೂ ಹುಬ್ಬೇರಿಸಿದ್ದಿಲ್ಲ. ಅವರಿಗೆ ಬೇಕಾಗಿದ್ದದ್ದು ತಲೆಗಳ ಲೆಕ್ಕ ಮಾತ್ರ.

ನನ್ನ ಅಕ್ಕನ ತೋಳು ಹುಟ್ಟಿನಿಂದಲೇ ಉದ್ದ. ನಾಲ್ಕು ವರ್ಷದವಳು ನೆರೆಮನೆಯ ಮಕ್ಕಳ ಬೆನ್ನಿಗೆ ಬಿದ್ದು ಶಾಲೆಗೆ ಹೋದಳು, ಕೈ ಎತ್ತು ಎಂದಾಗ ಎತ್ತಿದಳು, ಕಿವಿ ಮುಟ್ಟಿದಳು. ಆ ಗಳಿಗೆಯಲ್ಲಿ ಅವಳಿಗೆ ಎರಡು ವರ್ಷ ಹೆಚ್ಚಾಯಿತು. ಹೆಚ್ಚಾದದ್ದು ಬಹುಕಾಲ ಯಾರಿಗೂ ಹೊರೆಯಾಗಲಿಲ್ಲ. ಎಂಟನೆಯ ತರಗತಿಗೆ ಓದು ನಿಲ್ಲಿಸಿ, ವರ್ಷಗಟ್ಟಲೆ ಜಗಲಿಯಲ್ಲಿ ಬೀಡಿ ಕಟ್ಟಿ, ಮಡಿಲಿನ ಮೊರದ ಪಕ್ಕದಲ್ಲೇ ಪುಸ್ತಕ ತೆರೆದಿಟ್ಟು ಮೆಟ್ರಿಕ್ ಪಾಸು ಮಾಡಿದ ಮೇಲೆ ಅವಳಿಗೊಂದು ಆಸೆ ಹುಟ್ಟಿತು: ಟೀಚರ್ ಆಗಬೇಕು. ತರಬೇತಿ ಶಾಲೆಗೆ ವಯಸ್ಸಿನ ಮಿತಿಯಿತ್ತು. ನಿಜದ ವಯಸ್ಸಿಗೆ ಆ ವರ್ಷವೇ ಕೊನೆಯ ಅವಕಾಶ. ಕಿವಿಯ ವಯಸ್ಸಿಗೆ ಬಾಗಿಲು ಎಂದೋ ಮುಚ್ಚಿತ್ತು.

ಹುಟ್ಟಿದ ದಿನವನ್ನು ತಿದ್ದಿಸಲೆಂದು ಅಮ್ಮ, ಅಕ್ಕ, ನಾನು ಬಂಟ್ವಾಳದ ಕಚೇರಿಗೆ ಹೋದೆವು. ಮನೆಗೆ ಹಂಚು ಹೊದಿಸಿದ ವರ್ಷ, ತುಳುವರ ಆಷಾಢವಾದ ಆಟಿ ತಿಂಗಳಲ್ಲಿ, ಜಡಿಮಳೆಯ ಒಂದು ಸಂಜೆ ಹೆತ್ತದ್ದೆಂದು ಅಮ್ಮ ತನಗೆ ಬಂದಷ್ಟು ಕನ್ನಡದಲ್ಲಿ ಹೇಳಿದಳು. ಗುಮಾಸ್ತರು ಮುದ್ರಿತ ಪ್ರಶ್ನೆಗಳ ಮೇಲೆ ಬೆರಳಿಟ್ಟು ಓದಿದರು.

"ಹೆರಿಗೆ ಆಗುವಾಗ ನೀವು ಅಲ್ಲಿ ಇದ್ರಾ?"

"ನಾನು ಇಲ್ಲದೆ ಹೆರಿಗೆ ಆಗುವುದು ಹೇಗೆ ಮಾರಾಯ್ರೆ?" ಎಂದಳು ಅಮ್ಮ.

"ಅದು ಸರಿ. ಆದರೆ ತಾಯಿ ಹೇಳಿದ್ದನ್ನು ಸಾಕ್ಷಿ ಅಂತ ತೆಗೆದುಕೊಳ್ಳಲಿಕ್ಕೆ ಆಗುವುದಿಲ್ಲ ಅಮ್ಮ. ಊರಿನ ಇಬ್ಬರು ಗಣ್ಯರು ಬರೆದು ಕೊಡಲಿ."

ಗಣ್ಯರಿಗೆ ನಮ್ಮೂರಿನಲ್ಲಿ ಬರವೇ? ಒಬ್ಬರು ಪಟೇಲರು, ಅಕ್ಕ ಹುಟ್ಟುವಾಗ ಅವರು ಮದರಾಸಿನಲ್ಲಿ ಓದುತ್ತಿದ್ದರು. ಇನ್ನೊಬ್ಬರು ಜವಳಿ ವ್ಯಾಪಾರಿ. ಅವರು ನಮ್ಮೂರಿಗೆ ಬಂದಾಗ ಅಕ್ಕ ಲಂಗ ಉಡುತ್ತಿದ್ದಳು. ಇಬ್ಬರೂ ನಮ್ಮ ಜಗಲಿಯಲ್ಲಿ ಕಾಫಿ ಕುಡಿದು, ಪೆನ್ನು ಬಿಚ್ಚಿ, "ಮಗಳು ಹುಟ್ಟಿದ್ದು ಯಾವಾಗ?" ಎಂದು ಅಮ್ಮನನ್ನೇ ಕೇಳಿದರು. ಅಮ್ಮ ಹೇಳಿದ್ದನ್ನೇ ಬರೆದು, ಇದು ತಮಗೆ ಸ್ವತಃ ತಿಳಿದ ಸಂಗತಿಯೆಂದು ಗಂಭೀರವಾಗಿ ಸಹಿ ಮಾಡಿದರು. ಹೆತ್ತವಳ ಬಾಯಲ್ಲಿ ಬರೀ ಹರಟೆಯಾಗಿದ್ದ ಮಾತು ಮೀಸೆಯ ಕೆಳಗಿಂದ ಹೊರಟ ಕೂಡಲೇ ಪ್ರಮಾಣವಾಯಿತು. ಸರಕಾರದ ಈ ಜಾಣತನವನ್ನು ನೆನೆದರೆ ನನಗೆ ಇಂದಿಗೂ ಮೈ ಉರಿಯುತ್ತದೆ.

ಅಷ್ಟಾದರೂ ಕಾಗದ ಅಲ್ಲಾಡಲಿಲ್ಲ. ಒಬ್ಬ ಸಾಹೇಬರಿಗೆ ವರ್ಗವಾಯಿತು, ಹೊಸಬರಿಗೆ ಗಣ್ಯರ ಗಣ್ಯತೆಯ ಬಗ್ಗೆಯೇ ಸಂಶಯ ಬಂತು, ಅದು ತೀರುವಷ್ಟರಲ್ಲಿ ಕಡತ ಮಂಗಳೂರಿಗೆ ಹೋಗಿ ಕುಳಿತಿತು. ಪ್ರತಿ ಸಲವೂ ಅಕ್ಕ ಬಿ.ಸಿ.ರೋಡಿನಲ್ಲಿ ಬಸ್ಸು ಇಳಿದು, ಕಚೇರಿಯಲ್ಲಿ ಕೇಳಿ, ಬರಿಗೈಯಲ್ಲಿ ಮರಳಿ, ಮತ್ತೆ ಮೊರದ ಮುಂದೆ ಕೂರುತ್ತಿದ್ದಳು. ತರಬೇತಿ ಶಾಲೆ ಆ ವರ್ಷದ ಮಕ್ಕಳನ್ನು ಸೇರಿಸಿಕೊಂಡು ಪಾಠ ಶುರುಮಾಡಿತು.

ಆದೇಶ ಬಂದದ್ದು ಮರುವರ್ಷದ ಮಳೆಗಾಲದಲ್ಲಿ. ಗುಮಾಸ್ತರು ಮುದ್ರೆ ಒಣಗಲೆಂದು ಕಾಗದವನ್ನು ಊದಿ, ಉಪಕಾರ ಮಾಡಿದವರ ನಗೆಯೊಂದಿಗೆ ಅಕ್ಕನ ಕೈಗಿತ್ತರು.

"ನೋಡಿ, ಈಗ ನಿಮ್ಮ ವಯಸ್ಸು ಸರಿಯಾಗಿ ಉಂಟು."

ಅಕ್ಕ ಅದನ್ನು ಕೊನೆಯ ಸಾಲಿನವರೆಗೂ ಓದಿದಳು.

"ಹೌದು," ಎಂದಳು. "ಇಷ್ಟು ದಿನ ಸುಳ್ಳು ಲೆಕ್ಕದಲ್ಲಿ ಮೀರಿತ್ತು. ಈಗ ನಿಜವಾಗಿಯೇ ಮೀರಿತು."