ಹಡಗಿನ ಮೇಲಿನ ಗಂಡ

ಅಣ್ಣ ಅತ್ತದ್ದನ್ನು ನಾನು ನೋಡಿದ್ದು ಒಂದೇ ಸಲ, ಅದೂ ಒಬ್ಬ ಜಪಾನಿ ಹೆಂಗಸಿಗಾಗಿ. ಇವತ್ತಿಗೂ ನೆನೆಸಿಕೊಂಡರೆ ಹೊಟ್ಟೆ ಉರಿಯುತ್ತದೆ.

ಎಂಬತ್ತರ ದಶಕದ ಕೊನೆ. ಬ್ಯಾಂಕ್ ಆಫೀಸರಾಗಿದ್ದ ಅಣ್ಣನಿಗೆ ಆಗ ವಿಶಾಖಪಟ್ಟಣದಲ್ಲಿ ಕೆಲಸ. ದಾವಣಗೆರೆಯಲ್ಲಿ ಗಂಡನನ್ನು ಬಿಟ್ಟು ಬಂದ ನಾನು ದ್ವಾರಕಾ ನಗರದ ಅವನ ಮನೆಯಲ್ಲೇ ಇದ್ದೆ. ಅಣ್ಣ ಒಂದು ದಿನವೂ ಗದರಲಿಲ್ಲ, ಊಟಕ್ಕೆ ಕಡಿಮೆ ಮಾಡಲಿಲ್ಲ. ಆದರೆ ಬಂದವರಿಗೆಲ್ಲ, "ನನ್ನ ತಂಗಿ. ಇವಳ ಯಜಮಾನ್ರು ಹಡಗಲ್ಲಿದಾರೆ" ಎಂದುಬಿಡುತ್ತಿದ್ದ. ಆ ಊರಲ್ಲಿ ಈ ಮಾತು ಸಲೀಸಾಗಿ ನಡೆಯುತ್ತಿತ್ತು. ನೌಕಾಪಡೆಯವರ ಮನೆಯ ಕನ್ನಡದ ಹೆಂಗಸರು ನನ್ನನ್ನು ತಮ್ಮಂಥವಳೇ ಅಂದುಕೊಂಡು ಅರಿಶಿನ ಕುಂಕುಮಕ್ಕೆ ಕರೆಯುತ್ತಿದ್ದರು. ದಾವಣಗೆರೆಯ ಬಟ್ಟೆ ಅಂಗಡಿಯಲ್ಲಿ ಗಲ್ಲಾಪೆಟ್ಟಿಗೆ ಮುಂದೆ ಕೂತಿದ್ದ ಗಂಡನನ್ನು ಬಂಗಾಳ ಕೊಲ್ಲಿಯಲ್ಲಿ ತೇಲಿಬಿಟ್ಟು, ನಾನು ತಲೆ ತಗ್ಗಿಸಿ ಕುಂಕುಮ ತೆಗೆದುಕೊಳ್ಳುತ್ತಿದ್ದೆ.

ಒಂದು ಭಾನುವಾರ ಫಿಲಂ ಸೊಸೈಟಿಯವರು ಹಳೆಯ ಜಪಾನಿ ಮೂಕಿ ಚಿತ್ರ ತೋರಿಸಿದರು. ಪರದೆಯ ಮೇಲೆ ಬರುವ ಇಂಗ್ಲಿಷ್ ಸಾಲುಗಳನ್ನು ಅಣ್ಣ ನನ್ನ ಕಿವಿಯಲ್ಲಿ ಕನ್ನಡ ಮಾಡಿ ಹೇಳುತ್ತಿದ್ದ. ಗಂಡನ ಮನೆ ಬಿಟ್ಟವಳು ಬಂದರಿನ ಹೆಂಡದಂಗಡಿಯಲ್ಲಿ ಕೆಲಸ ಮಾಡಿ, ಸೋತು, ಕೊನೆಗೆ ಅಣ್ಣನ ಮನೆಗೆ ಬರುತ್ತಾಳೆ. ನೆರೆಯವರು ನೋಡಿಯಾರೆಂದು ಅವನು ಬಾಗಿಲು ಎಳೆದುಕೊಳ್ಳುತ್ತಾನೆ. ಅಷ್ಟರಲ್ಲಿ ನನ್ನ ಕಿವಿಯಲ್ಲಿ ಕನ್ನಡ ನಿಂತುಹೋಯಿತು. ತಿರುಗಿ ನೋಡಿದರೆ ಅಣ್ಣ ಕರ್ಚೀಫು ಒತ್ತಿಕೊಂಡು ಬಿಕ್ಕುತ್ತಿದ್ದಾನೆ!

"ಎಂಥಾ ಕಟುಕ ನೋಡೇ. ಒಡಹುಟ್ಟಿದವಳನ್ನ ನನ್ನ ತಂಗಿ ಅನ್ನೋಕೆ ಇವನಿಗೇನು ನಾಚಿಕೆ?"

ನನಗೆ ಪರದೆಗೆ ಕೈ ಹಾಕಿ ಆ ಹೆಂಗಸಿನ ತುರುಬು ಹಿಡಿದೆಳೆಯಬೇಕು ಅನ್ನಿಸಿತು. ಸತ್ತು ಎಷ್ಟು ಕಾಲವಾಗಿದೆಯೋ ಏನೋ, ಅವಳಿಗೆ ನನ್ನ ಅಣ್ಣನ ಕಣ್ಣೀರು ಯಾಕೆ? ನಾನು ಟ್ರಂಕು ಹಿಡಿದು ರೈಲಿಳಿದ ದಿನ ಅವನು ನೋಡುತ್ತಿದ್ದದ್ದು ನನ್ನ ಮುಖವನ್ನಲ್ಲ, ಪ್ಲಾಟ್‌ಫಾರ್ಮಿನಲ್ಲಿ ಗೊತ್ತಿದ್ದವರು ಯಾರಾದರೂ ಇದ್ದಾರೆಯೇ ಅಂತ.

ಆಗಲೇ ಅವನಿಗೆ ವಿಜಯವಾಡಕ್ಕೆ ವರ್ಗವಾಗಿತ್ತು. ಅಲ್ಲಿರುವುದು ಬರೀ ಕೃಷ್ಣಾ ನದಿ. ಇಷ್ಟು ಅತ್ತವನು ಇನ್ನಾದರೂ ಇದ್ದದ್ದನ್ನು ಇದ್ದ ಹಾಗೆ ಹೇಳಿಯಾನು ಎಂಬ ಆಸೆ ನನಗೆ. ಆಟೋಗೆ ಕಾಯುತ್ತಾ ಕೇಳಿಯೇಬಿಟ್ಟೆ.

"ವಿಜಯವಾಡದಲ್ಲಿ ಸಮುದ್ರ ಇಲ್ವಲ್ಲ ಅಣ್ಣ. ಅಲ್ಲಿ ನನ್ನ ಗಂಡ ಎಲ್ಲಿದಾನೆ ಅಂತೀಯ?"

ಅಣ್ಣ ಇನ್ನೂ ಕಣ್ಣೊರೆಸಿಕೊಳ್ಳುತ್ತಲೇ ಇದ್ದ.

"ಅದನ್ನೆಲ್ಲ ಯೋಚಿಸಿಟ್ಟಿದೀನಿ ಕಣೇ," ಎಂದ. "ದುಬೈ ಅಂದ್ರಾಯ್ತು."