ಜೋಡುದೋಣಿಯಲ್ಲಿ ಅಕ್ಕನ ಉಡಿಗಂಟು

ಯಾರಾದರೂ ಸಮುದ್ರದ ಚೆಂದ ಹೊಗಳತೊಡಗಿದರೆ ನಾನು ಎದ್ದು ಒಳಗೆ ಹೋಗುತ್ತೇನೆ. ಜೊತೆಯ ಶಿಕ್ಷಕಿಯರು ನನ್ನನ್ನು ಅರಸಿಕಳು ಎಂದು ಆಡಿಕೊಳ್ಳುತ್ತಾರೆ. ಆಡಿಕೊಳ್ಳಲಿ. ನಾನು ಸಮುದ್ರ ನೋಡಿದ್ದು ಒಂದೇ ಸಲ, ಎಂಬತ್ತರ ದಶಕದ ನಡುವಿನ ಒಂದು ಜನವರಿಯಲ್ಲಿ, ನನ್ನ ಗಂಡ ಏರ್ಪಡಿಸಿದ್ದ ಅಗ್ಗದ ಪ್ರವಾಸದಲ್ಲಿ. ಅವತ್ತು ನಾನು ಮಾಡಿದ್ದನ್ನು ಇಂದಿನವರೆಗೆ ಒಬ್ಬರೂ ತಪ್ಪು ಅಂದಿಲ್ಲ. ಶಾಣ್ಯಾಕಿ ಅಂದವರೇ ಎಲ್ಲ. ನನ್ನ ಸಿಟ್ಟು ಶುರುವಾಗುವುದೇ ಅಲ್ಲಿಂದ.

ನಾವು ಸಿದ್ದಾಪುರದವರು. ಕಾಲುವೆ ಬಂದು ಊರ ಸುತ್ತ ಭತ್ತ ಬೆಳೆಯತೊಡಗಿದ್ದ ಕಾಲ. ಅವ್ವ ಬೇಗ ತೀರಿಹೋಗಿದ್ದರಿಂದ ನನ್ನನ್ನು ಸಾಕಿದವಳು ಅಕ್ಕ, ನನಗಿಂತ ಹತ್ತು ವರ್ಷ ದೊಡ್ಡವಳು. ಅವಳ ಮದುವೆಯನ್ನೂ ಅದೇ ಊರಲ್ಲಿ ಮಾಡಿದ್ದರು, ನನ್ನ ಸಲುವಾಗಿ. ನನಗೆ ಎಂಟು ವರ್ಷವಿದ್ದಾಗ, ಎಪ್ಪತ್ತರ ದಶಕದ ಮೊದಲಲ್ಲಿ, ಅಕ್ಕನ ಜೊತೆ ಬಟ್ಟೆ ಒಗೆಯಲು ಹೋದವಳು ಕಾಲುವೆಯ ಪಾವಟಿಗೆಯಿಂದ ಜಾರಿ ನೀರಿಗೆ ಬಿದ್ದೆ. ಅಕ್ಕನಿಗೆ ಈಜು ಬಾರದು. ದಂಡೆಯ ಗುಂಟ ಓಡಿದಳಂತೆ. ಓಡುತ್ತಲೇ ಕೂಗಿದಳಂತೆ: "ಗಂಗವ್ವಾ, ನನ್ನ ತಂಗೀನ ಬಿಡು! ನೀ ಹೋಗಿ ಎಲ್ಲಿ ಮುಟ್ಟತೀಯೋ ಅಲ್ಲಿಗೇ ಬಂದು ಉಡಿ ತುಂಬತೀನಿ!"

ನಾನು ಸೇತುವೆಯ ಕಂಬಕ್ಕೆ ತಗುಲಿ ನಿಂತೆ. ಅಕ್ಕ ಎದೆಮಟ್ಟ ನೀರಿಗಿಳಿದು ನನ್ನ ಜಡೆ ಹಿಡಿದು ಎಳೆದಳು. ಬಾಯ್ತುಂಬ ಇದ್ದ ಕೆಸರಿನ ರುಚಿ ಬಿಟ್ಟರೆ ನನಗೆ ಬೇರೇನೂ ನೆನಪಿಲ್ಲ. ಹರಕೆಯ ಮಾತನ್ನೆಲ್ಲ ಅಕ್ಕನೇ ಆಮೇಲೆ ಹೇಳಿದ್ದು.

ಉಡಿ ತುಂಬುವುದೆಂದರೆ ನಮ್ಮಲ್ಲಿ ಮುತ್ತೈದೆಯ ಮಡಿಲಿಗೆ ಅಕ್ಕಿ, ಕೊಬ್ಬರಿ ಬಟ್ಟಲು, ಉತ್ತತ್ತಿ, ಅರಿಷಿಣ ಕೊಂಬು, ಕುಬಸದ ಖಣ ಹಾಕುವುದು. ದೇವಿಗೂ ತುಂಬುತ್ತಾರೆ, ನೀರಿಗೂ ತುಂಬುತ್ತಾರೆ. ತುಂಬುವ ಕೈಯೂ ಮುತ್ತೈದೆಯದೇ ಆಗಬೇಕು. ಹರಕೆ ಹೊತ್ತ ದಿನ ಅಕ್ಕನ ಕೊರಳಲ್ಲಿ ತಾಳಿ ಇತ್ತು. ಎರಡು ವರ್ಷದ ನಂತರ ಗದ್ದೆಯಲ್ಲಿ ಹಾವು ಕಚ್ಚಿ ಭಾವ ಸತ್ತರು. ತಾಳಿ ಹೋಯಿತು, ಹರಕೆ ಉಳಿಯಿತು.

ಅಲ್ಲಿಂದ ಮುಂದೆ ಅಕ್ಕ ಕಂಡವರ ಗದ್ದೆಯಲ್ಲಿ ನಾಟಿ ಹಚ್ಚಿ, ಕಳೆ ತೆಗೆದು ನನ್ನನ್ನು ಓದಿಸಿದಳು. ನಾನು ಗಂಗಾವತಿಯಲ್ಲಿ ಕನ್ನಡ ಸಾಲಿ ಶಿಕ್ಷಕಿಯಾದೆ, ಸರ್ಕಾರಿ ಕಚೇರಿಯ ಗುಮಾಸ್ತನೊಬ್ಬನ ಹೆಂಡತಿಯಾದೆ, ಒಂದು ಗಂಡುಮಗುವಿನ ತಾಯಿಯಾದೆ. ಅಕ್ಕ ಸಿದ್ದಾಪುರದಲ್ಲೇ ಉಳಿದಳು. ನಾನು ಊರಿಗೆ ಹೋದಾಗಲೆಲ್ಲ ಒಂದೇ ಪ್ರಶ್ನೆ: "ಸಮುದ್ರ ಎಷ್ಟ್ ದೂರ ಐತಿ ತಂಗಿ?"

ನನ್ನ ಗಂಡ ಕಚೇರಿಯವರಿಗೆಲ್ಲ ಬೇಕಾದ ಮನುಷ್ಯ. ಟೂರು ಅಂದರೆ ಇವರೇ, ಬೀಳ್ಕೊಡುಗೆ ಸಮಾರಂಭ ಅಂದರೂ ಇವರೇ. ಆ ವರ್ಷ ಕರಾವಳಿಗೆ ಹೋಗಿ ಒಂದು ದಿನ ದ್ವೀಪದಲ್ಲಿ ಕಳೆದು ಬರುವುದೆಂದು ತಲೆಗೆ ಹಚ್ಚಿಕೊಂಡರು. ಸಿನಿಮಾದಲ್ಲಿ ಕಂಡಂಥ ದ್ವೀಪ, ಬರೀ ತೆಂಗಿನ ಮರ, ಬಿಳಿ ಉಸುಕು. ಒಂದು ಮೆಟಡೋರ್ ವ್ಯಾನು ಗೊತ್ತು ಮಾಡಿದರು. ಅಕ್ಕನನ್ನೂ ಕರೆದುಕೊಂಡು ಹೋಗೋಣ ಅಂದಾಗ ಒಂದು ಮಾತೂ ಆಡದೆ ಒಪ್ಪಿದರು. ಅಷ್ಟರ ಮಟ್ಟಿಗೆ ಅವರು ಒಳ್ಳೆಯವರೇ. ಒಳ್ಳೆಯವರ ಜೊತೆ ಬಾಳುವ ಕಷ್ಟವೇ ಇದು, ಬೈಯಬೇಕಾದಲ್ಲಿ ಬಾಯಿ ಏಳುವುದಿಲ್ಲ.

ಅಕ್ಕ ಹಿಂದಿನ ದಿನವೇ ಬಂದಳು. ಬಗಲಲ್ಲಿ ಹಳದಿ ಬಟ್ಟೆಯ ಗಂಟು, ಕೈಯಲ್ಲಿ ದೊಡ್ಡದೊಂದು ನೀರಿನ ಕ್ಯಾನು. ಗಂಟಿನಲ್ಲಿದ್ದುದು ಅವಳೇ ನಾಟಿ ಹಚ್ಚಿದ ಗದ್ದೆಯ ಅಕ್ಕಿ, ಕಲ್ಲು ನುಚ್ಚು ಆರಿಸಿ ಒಂದೊಂದು ಕಾಳೂ ಇಡಿಯಾಗಿದ್ದ ಅಕ್ಕಿ. ಹಸಿರು ಖಣವನ್ನು ಟ್ರಂಕಿನ ತಳದಲ್ಲಿ ಎಷ್ಟು ವರ್ಷ ಇಟ್ಟಿದ್ದಳೋ, ಮಡಿಕೆಯ ಗೆರೆಗಳು ಬೆಳ್ಳಗಾಗಿದ್ದವು.

ನಾನು ಕ್ಯಾನು ನೋಡಿ ನಕ್ಕೆ. "ಸಮುದ್ರಕ್ಕ ನೀರ್ ಒಯ್ಯೂದಾ ಅಕ್ಕಾ?"

"ಕೂಲಿಗೆ ಹೋಗೋರು ನೀರ್ ಬಿಟ್ಟು ಹೊಂಟಿದ್ದ ನಾ ಎಲ್ಲೂ ಕಂಡಿಲ್ಲ," ಅಂದಳು.

ದಾರಿಯಲ್ಲಿ ಕೊಪ್ಪಳ ದಾಟಿದ ಮೇಲೆ ಮೆಲ್ಲಗೆ ಕೇಳಿದಳು. "ನಮ್ಮ ಕಾಲುವಿ ನೀರು ಅಲ್ಲಿಗೇ ಹೋಗಿ ಮುಟ್ಟತೈತಲ್ಲ?"

ನಾನು ದಿನಾ ಮಕ್ಕಳಿಗೆ ಭೂಪಟ ತೋರಿಸುವವಳು. ತುಂಗಭದ್ರೆ ಪೂರ್ವಕ್ಕೆ ಹರಿದು ಕೃಷ್ಣೆಯನ್ನು ಸೇರುತ್ತದೆ, ಕೃಷ್ಣೆ ಬಂಗಾಳ ಕೊಲ್ಲಿಯನ್ನು. ನಾವು ಹೊರಟಿದ್ದು ಪಶ್ಚಿಮಕ್ಕೆ. ಇನ್ನು ಕಾಲುವೆಯ ನೀರಂತೂ ಯಾವ ಸಮುದ್ರವನ್ನೂ ಕಾಣುವುದಿಲ್ಲ, ಕೊನೆಯ ಹೊಲದವರು ಬಡಿದಾಡಿ ಅದನ್ನು ಅಲ್ಲೇ ಮುಗಿಸುತ್ತಾರೆ. ಆದರೆ ಅವಳ ಮುಖ ನೋಡಿ, "ಹೂಂ, ಅಲ್ಲಿಗೇ ಮುಟ್ಟತೈತಿ" ಅಂದುಬಿಟ್ಟೆ. ಅಕ್ಕ ಗಂಟನ್ನು ಮಡಿಲಲ್ಲಿ ಸರಿಯಾಗಿ ಇಟ್ಟುಕೊಂಡು ಕಣ್ಣು ಮುಚ್ಚಿದಳು.

ಬಂದರಿನಲ್ಲಿ ಪ್ರವಾಸಿಗರನ್ನು ಒಯ್ಯುವ ಮೋಟರು ಲಾಂಚುಗಳಿದ್ದವು. ನನ್ನ ಗಂಡ ಅವುಗಳ ಕಡೆ ತಲೆಯನ್ನೂ ತಿರುಗಿಸಲಿಲ್ಲ. ದ್ವೀಪದಿಂದ ತೆಂಗಿನಕಾಯಿ ತರುವ ದೋಣಿಯೊಂದು ದಿನಾ ಬೆಳಗ್ಗೆ ಖಾಲಿ ಹೋಗುತ್ತದೆಂದು ಪತ್ತೆ ಹಚ್ಚಿ, ಅದನ್ನೇ ಮಾತಾಡಿಕೊಂಡು ಬಂದರು. ಎರಡು ಸಪೂರ ದೋಣಿಗಳನ್ನು ಮಾರು ದೂರ ಬಿಟ್ಟು ನಿಲ್ಲಿಸಿ, ಅಡ್ಡ ತೊಲೆ ಕಟ್ಟಿ, ಮೇಲೆ ಹಲಗೆ ಹಾಸಿದ ಜೋಡುದೋಣಿ. "ಒಂಟಿ ದೋಣಿ ಮಗುಚೀತು, ಇದು ಮಗುಚೂದಿಲ್ಲ," ಎಂದು ದೋಣಿಯವನು ಧೈರ್ಯ ಹೇಳಿದ. ಹಲಗೆಗಳ ಸಂದಿಯಲ್ಲಿ ಹಸಿರು ನೀರು ಕಾಣುತ್ತಿತ್ತು. ನಮ್ಮ ಗಂಡಸರು ಪಂಚೆ ಮೇಲೆತ್ತಿ ಹತ್ತಿದರು, ಹೆಂಗಸರು ದೇವರ ಹೆಸರು ಹೇಳಿ ಹತ್ತಿದರು. ಅಕ್ಕ ಮಾತ್ರ ನೀರು ಮುಟ್ಟಿ ಕಣ್ಣಿಗೊತ್ತಿಕೊಂಡು ಹತ್ತಿದಳು.

ದಂಡೆ ದೂರವಾದ ಮೇಲೆ ಅಕ್ಕ ಹಲಗೆಯ ಅಂಚಿಗೆ ಸರಿದು ಕೂತು ಗಂಟು ಬಿಚ್ಚಿದಳು. ಖಣ ಹಾಸಿದಳು. ಹಿಡಿ ಅಕ್ಕಿ ತೆಗೆದಳು. ಹೆಡ್ ಕ್ಲಾರ್ಕ್ ಸಾಹೇಬರ ಹೆಂಡತಿ ಎದುರಿಗೇ ಕೂತಿದ್ದರು, ನನ್ನ ಗಂಡನ ಮೇಲಧಿಕಾರಿಯ ಮನೆಯವರು. ಎಲ್ಲರೂ ಅವರನ್ನು ಬಾಯಾರು ಎನ್ನುತ್ತಿದ್ದರು. ಮೊದಲು ಅವರಿಗೆ ಸಂತೋಷವೇ ಆಯಿತು.

"ಭಾಳ ಛಲೋ ಮಾಡಿದ್ರಿ ನೋಡ್ರಿ, ಉಡಿ ಸಾಮಾನ ತಂದೀರಿ. ನಮಗ ಹೊಳೀಲೇ ಇಲ್ಲ. ಯಾರು ತುಂಬೋರು?"

"ನಾನರಿ ಬಾಯಾರ. ಹರಕಿ ಐತ್ರಿ ನಂದು."

ಅವರು ಅಕ್ಕನ ಬರಿಗೊರಳು ನೋಡಿದರು, ಬರಿಹಣೆ ನೋಡಿದರು. ಗಂಗಾವತಿಯಿಂದ ಜೊತೆಗೇ ಬಂದಿದ್ದರೂ ಕೂಲಿ ಹೆಂಗಸಿನ ಮುಖವನ್ನು ಅಷ್ಟು ಹೊತ್ತು ಸರಿಯಾಗಿ ನೋಡಿರಲಿಲ್ಲ ಅಂತ ಕಾಣುತ್ತದೆ. ಅಕ್ಕನ ಜೊತೆ ಮಾತು ಬಿಟ್ಟು ನನ್ನ ಕಡೆ ತಿರುಗಿದರು.

"ಟೀಚರ್ರ, ನೀವು ಓದಿದೋರು ನೀವ ಹೇಳ್ರಿ. ನೀರಿನ ಮ್ಯಾಲ ಅದೀವಿ. ಗಂಡಸ್ರು ಅದಾರ, ಸಣ್ಣ ಮಕ್ಕಳು ಅದಾವ. ಆಕಿ ಕೈಲೆ ಬ್ಯಾಡ. ನೀವು ಮುತ್ತೈದಿ ಅದೀರಿ, ನೀವ ತುಂಬ್ರಿ. ಹರಕಿ ತೀರಿದ್ರ ಆತಿಲ್ಲ?"

ಅಷ್ಟರಲ್ಲಿ ಒಂದು ತೆರೆ ಬಂದು ದೋಣಿ ಜೋರಾಗಿ ಓಲಾಡಿತು. ಹೆಂಗಸರೆಲ್ಲ ಕಿರುಚಿದರು. "ನೋಡ್ರಿ, ನೋಡ್ರಿ" ಎಂದರು ಬಾಯಾರು, ಸಮುದ್ರವೇ ಅವರ ಪರವಾಗಿ ಸಾಕ್ಷಿ ಹೇಳಿತು ಎಂಬಂತೆ. ನಾನು ಗಂಡನ ಕಡೆ ನೋಡಿದೆ. ಅವರು ಮುಗಿಸು ಬೇಗ ಎನ್ನುವ ಹಾಗೆ ಹುಬ್ಬು ಹಾರಿಸಿದರು, ಅಷ್ಟೇ.

"ಕೊಡು ಅಕ್ಕಾ ಇತ್ತ," ಅಂದೆ.

ಅಕ್ಕ ಕೊಡಲಿಲ್ಲ. ಮುಷ್ಟಿ ಬಿಗಿ ಹಿಡಿದು ನನ್ನ ಮುಖವನ್ನೇ ನೋಡುತ್ತಿದ್ದಳು. ನನ್ನ ಜಡೆ ಹಿಡಿದು ಕಾಲುವೆಯಿಂದ ಎಳೆದ ಕೈ ಅದು. ನಾನು ಅವಳ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದೆ. ಅಕ್ಕಿ ಕಿತ್ತುಕೊಂಡೆ, ಖಣ, ಕೊಬ್ಬರಿ ಎಲ್ಲ ಬಳಿದುಕೊಂಡು, ಅರಿಷಿಣ ಕುಂಕುಮ ಹಾಕಿ, ಎರಡೂ ಕೈಯಲ್ಲಿ ನೀರಿಗೆ ಬಿಟ್ಟೆ. ಹೆಂಗಸರು ಕೈ ಮುಗಿದರು. ಬಾಯಾರು ನನಗೆ ಕುಂಕುಮ ಹಚ್ಚಿ, "ಶಾಣ್ಯಾಕಿ ಅದೀರಿ" ಎಂದರು. ಹಸಿರು ಖಣ ಸ್ವಲ್ಪ ದೂರ ತೇಲಿ ಹೋಗಿ ಮುಳುಗಿತು.

ದ್ವೀಪ ಹೇಗಿತ್ತೆಂದು ಕೇಳಿದರೆ ನನಗೆ ಹೇಳಲು ಬರುವುದಿಲ್ಲ. ಬಿಸಿಲಿತ್ತು, ತೆಂಗಿನ ಮರಗಳಿದ್ದವು, ಒಣಮೀನಿನ ವಾಸನೆಗೆ ಬಾಯಾರು ಸೆರಗು ಮೂಗಿಗೆ ಹಿಡಿದರು. ಮಧ್ಯಾಹ್ನ ರೊಟ್ಟಿ, ಶೇಂಗಾ ಚಟ್ನಿ ಬಿಚ್ಚಿ ಕೂತಾಗ ಗೊತ್ತಾಯಿತು, ಅಲ್ಲಿ ಕುಡಿಯುವ ನೀರಿಲ್ಲ. ಟೂರಿನ ಯಜಮಾನರು ಎಲ್ಲವನ್ನೂ ಅಗ್ಗ ಮಾಡುವ ಭರದಲ್ಲಿ ನೀರನ್ನೇ ಮರೆತಿದ್ದರು. ಮಕ್ಕಳು ಅಳತೊಡಗಿದವು. ಆಗ ಅಕ್ಕ ಎದ್ದು ಕ್ಯಾನು ತಂದಳು. ಸಾಲಾಗಿ ಎಲ್ಲರಿಗೂ ಲೋಟದಲ್ಲಿ ಬಗ್ಗಿಸಿ ಕೊಟ್ಟಳು. ಬಾಯಾರು ಎರಡು ಲೋಟ ಕುಡಿದರು. ಅಕ್ಕನ ಕೈಯಿಂದಲೇ ಇಸಿದುಕೊಂಡು ಕುಡಿದರು, "ಪುಣ್ಯಾ ಬರತೈತಿ ನಿನಗ" ಎಂದೂ ಹೇಳಿದರು. ನಾನು ಮಗನಿಗೆ ರೊಟ್ಟಿ ಮುರಿದು ಕೊಡುತ್ತ ಕೂತೆ. ಸಾಲಿಯಲ್ಲಿ ಎಲ್ಲರೂ ಸಮಾನರು ಎಂದು ಹಲಗೆಯ ಮೇಲೆ ಬರೆಸುವ ಟೀಚರು ನಾನು.

ಸಂಜೆ ವಾಪಸು ಬರುವಾಗ ಜೋಡುದೋಣಿಯ ತುಂಬ ತೆಂಗಿನಕಾಯಿ. ನಾವು ರಾಶಿಯ ಸುತ್ತ ಸಂದಿಗೊಂದಿಯಲ್ಲಿ ಕೂತೆವು. ದೋಣಿಯವನು ಬೆಳಗಿನದನ್ನೆಲ್ಲ ನೋಡಿದ್ದ. ನಡುನೀರಿಗೆ ಬಂದಾಗ ರಾಶಿಯಿಂದ ಒಂದು ಕಾಯಿ ಆರಿಸಿ ಅಕ್ಕನ ಮುಂದೆ ಹಿಡಿದ.

"ನಮ್ಮ ಬದಿಗೆ ಗಂಡ ಹೋದವರೂ ಸಮುದ್ರಕ್ಕೆ ಕಾಯಿ ಬಿಡ್ತಾರೆ ಅಮ್ಮ. ನೀವೂ ಬಿಡಿ."

ಅಕ್ಕ ಕಾಯಿ ಇಸಿದುಕೊಂಡಳು. ನನ್ನ ಕಡೆ ನೋಡಿದಳು. ಒಂದೇ ಒಂದು ಮಾತು ಸಾಕಿತ್ತು, ಬಿಡು ಅಕ್ಕಾ ಎಂದು. ಯಾರ ಗುರುತೂ ಇಲ್ಲದ ದೋಣಿಯವನಿಗೆ ಬಂದ ಬಾಯಿ ನನಗೆ ಬರಲಿಲ್ಲ. ನಾನು ತೊಡೆಯ ಮೇಲಿದ್ದ ಮಗನ ಟೊಪ್ಪಿಗೆ ಸರಿಮಾಡುತ್ತ ಕೂತೆ. ಅಕ್ಕ ಆ ಮಗುವನ್ನು ನೋಡಿದಳು. ಕಾಯಿಯನ್ನು ಮೆಲ್ಲಗೆ ರಾಶಿಯ ಮೇಲೆ ಇಟ್ಟಳು.

"ಬ್ಯಾಡ ಬಿಡಪ್ಪ. ದೋಣ್ಯಾಗ ಸಣ್ಣ ಕೂಸು ಐತಿ."

ದಂಡೆಗಿಳಿದ ಮೇಲೆ ನನ್ನ ಪಕ್ಕಕ್ಕೆ ಬಂದು ಹೇಳಿದ್ದು ಇಷ್ಟೇ: "ಹರಕಿ ನಂದಿತ್ತು ತಂಗಿ. ನೀ ತುಂಬಿದ್ದು ನಿಂದಾತು. ನಂದು ಹಂಗ ಉಳೀತು. ಇನ್ನೊಂದ ಸಲ ಬರಾಕ ಆಗತೈತೇನು?"

"ಆಗತೈತಿ," ಅಂದೆ. ಒಂದೇ ಪ್ರವಾಸದಲ್ಲಿ ಎರಡನೆಯ ಸುಳ್ಳು.

ಅಲ್ಲಿಂದ ಮೇಲೆ ಅಕ್ಕನಿಗೆ ಹೆದರಿಕೆ ಹತ್ತಿತು. ತೀರಿಸದ ಹರಕೆ ತನ್ನನ್ನಲ್ಲ, ಉಳಿಸಿಕೊಂಡ ಜೀವವನ್ನೇ ಕೇಳುತ್ತದೆ ಎಂದು ಅವಳ ಲೆಕ್ಕ. ನನಗೆ ಒಂದಿಷ್ಟು ಜ್ವರ ಬಂದ ಸುದ್ದಿ ಮುಟ್ಟಿದರೆ ಮೊದಲ ಬಸ್ಸಿಗೆ ಗಂಗಾವತಿಗೆ ಓಡಿ ಬರುತ್ತಿದ್ದಳು. ನನ್ನ ಮಗನನ್ನು ಕಾಲುವೆಯ ಕಡೆ ಹಾಯಗೊಡುತ್ತಿರಲಿಲ್ಲ. ನಾನು ಮೂಢನಂಬಿಕೆ ಎಂದು ಬೈದೆ, ನಕ್ಕೆ, ಪುಸ್ತಕದ ಮಾತು ಹೇಳಿದೆ. ಕ್ಷಮಿಸು ಎಂಬ ಒಂದು ಮಾತನ್ನು ಬಿಟ್ಟು ಮಿಕ್ಕಿದ್ದನ್ನೆಲ್ಲ ಹೇಳಿದೆ.

ಮೂರು ವರ್ಷದ ನಂತರ ಒಂದು ಮಧ್ಯಾಹ್ನ ನನ್ನ ಗಂಡ ಕಚೇರಿಯ ಕುರ್ಚಿಯಲ್ಲೇ ಎದೆ ಹಿಡಿದುಕೊಂಡು ಕುಸಿದರು. ದವಾಖಾನೆ ಮುಟ್ಟುವಷ್ಟರಲ್ಲಿ ಮುಗಿದಿತ್ತು. ದಿನ ಕರ್ಮಗಳೆಲ್ಲ ಆದ ಮೇಲೆ ಬಾಯಾರು ಬಂದರು. ಅತ್ತರು, ಮಗನ ತಲೆ ಸವರಿದರು. ಹೊರಡುವಾಗ ನಾದಿನಿ ಕುಂಕುಮದ ಬಟ್ಟಲು ಹಿಡಿದು ಬಂದಳು. ಬಾಯಾರು ಹಣೆಗೆ ಹಚ್ಚಿಕೊಂಡರು, ಬಟ್ಟಲು ನನ್ನ ಮುಂದಿನಿಂದ ದಾಟಿ ಪಕ್ಕದವಳಿಗೆ ಹೋಯಿತು. ಬಾಯಾರು ಹೊಸ್ತಿಲು ದಾಟುವಾಗ ನನ್ನ ಮುಖ ಕಾಣದ ಹಾಗೆ ಸೆರಗು ಅಡ್ಡ ಹಿಡಿದರು. ಅವರ ಮೇಲೆ ನನಗೆ ಸಿಟ್ಟು ಬರಲಿಲ್ಲ. ಆ ವಿದ್ಯೆಯನ್ನು ನಾನೂ ಕಲಿತವಳೇ ಅಲ್ಲವೇ, ಸಮುದ್ರದ ನಡುವೆ, ಅವರ ಕಣ್ಣೆದುರೇ?

ಎಲ್ಲರೂ ಹೋದ ಮೇಲೆ ಅಕ್ಕ ಬಂದು ನನ್ನ ಪಕ್ಕ ಗೋಡೆಗೆ ಒರಗಿ ಕೂತಳು.

"ನಂದ ತಪ್ಪು," ಅಂದಳು. "ಅವತ್ತ ನಾ ಮುಷ್ಟಿ ಬಿಡಬಾರದಿತ್ತು."

ಮುಷ್ಟಿ ನೀನು ಬಿಟ್ಟಿದ್ದಲ್ಲ, ನಾನು ಬಿಡಿಸಿದ್ದು ಎನ್ನಬೇಕಿತ್ತು. ಅವಳು ನನ್ನ ಕೈಯನ್ನು ತನ್ನ ಕೈಯೊಳಗೆ ತೆಗೆದುಕೊಂಡಳು. ಬಳೆ ಒಡೆದ ಗಾಯ ಇನ್ನೂ ಮಾಯದ ಮಣಿಕಟ್ಟನ್ನು ಹೆಬ್ಬೆರಳಿನಿಂದ ಸವರುತ್ತ, ಮಗುವಿಗೆ ಸಮಾಧಾನ ಹೇಳುವ ದನಿಯಲ್ಲಿ ಹೇಳಿದಳು:

"ಹೋಗೂಣು ತಂಗಿ. ನಾವಿಬ್ರ ಹೋಗೂಣು. ಈಗ ನನ್ನ ಕೈಯಾಗಿಂದ ಕಸಗೊಳ್ಳೋರು ಯಾರೂ ಇಲ್ಲ."

ನನ್ನ ಮುಖ ನೋಡಿಯೇ ಹೇಳಿದಳು. ಚುಚ್ಚಲಿಕ್ಕೆ ಹೇಳಿದ ಮಾತಲ್ಲ ಅದು. ಅವಳ ಕಣ್ಣಲ್ಲಿ ಸಿಟ್ಟು ಹುಡುಕಿದೆ, ಇರಲಿಲ್ಲ. ಮೂರು ವರ್ಷದಿಂದ ಅವಳು ಒಮ್ಮೆಯಾದರೂ ನನ್ನನ್ನು ಬೈಯಲಿ ಎಂದು ಕಾದಿದ್ದೆ. ಅಷ್ಟನ್ನೂ ಅವಳು ನನಗೆ ಕೊಡಲಿಲ್ಲ.