ಮೊದಲೇ ತೆರೆದ ಕಣ್ಣು

ಪಾವಗಡಕ್ಕೆ ಬಂದ ಮಾರನೆಯ ಬೆಳಿಗ್ಗೆ ಹಿತ್ತಲಿಗೆ ಹೋದವಳು ಕಿರುಚಿಕೊಂಡೆ. ಬೇಲಿಯಾಚೆ ಹಗ್ಗದ ಮೇಲೆ ಕಣ್ಣಿಲ್ಲದ ಹೆಂಗಸರು ಒಣಗುತ್ತಿದ್ದರು. ತೊಗಲುಗೊಂಬೆ ಮಾಡುವವರ ಅಂಗಳ ಅದು ಎಂದು ಆಮೇಲೆ ತಿಳಿಯಿತು.

ನಮ್ಮ ಯಜಮಾನರು ತಾಲ್ಲೂಕು ಕಚೇರಿಯ ಗುಮಾಸ್ತರು. ಮೈಸೂರಿನಿಂದ ವರ್ಗವಾಗಿ ಬಂದೆವು. ಅಲ್ಲಿ ನಲ್ಲಿ ತಿರುಗಿಸಿದರೆ ನೀರು. ಇಲ್ಲಿ ಸೇದಿ ಸೇದಿ ಅಂಗೈಯೆಲ್ಲ ಬೊಬ್ಬೆ. ಅಲ್ಲಿ ಅನ್ನ, ಇಲ್ಲಿ ಮುದ್ದೆ. ಮಾತೋ, ಅರ್ಧ ಕನ್ನಡ ಅರ್ಧ ತೆಲುಗು. ಆದರೂ ಮೈಸೂರು ಬಿಟ್ಟದ್ದಕ್ಕೆ ಒಳಗೊಳಗೇ ಸಮಾಧಾನವಿತ್ತು. ಅದು ಮಗಳಿಗಾಗಿ.

ಗೌರಿಗೆ ಹನ್ನೆರಡು ವರ್ಷ. ಮಾತಿಲ್ಲ. ಕರೆದರೆ ತಿರುಗುವುದಿಲ್ಲ. ಮೈಸೂರಿನಲ್ಲಿ ಜಟಕಾ ಗಂಟೆ ಕೇಳಿದರೆ ಸಾಕು, ಕಿವಿ ಮುಚ್ಚಿಕೊಂಡು ಗೋಡೆಗೆ ತಲೆ ಚಚ್ಚಿಕೊಳ್ಳುತ್ತಿದ್ದಳು. ಗಾಳಿ ಸೋಕಿದೆ ಎಂದು ಅತ್ತೆಯವರು ಮೂರು ಸಲ ದೆವ್ವ ಬಿಡಿಸುವವನ ಬಳಿ ಕರೆದೊಯ್ದರು. ಅವನು ಬೆತ್ತದಲ್ಲಿ ಬಾರಿಸುವಾಗ ಅವಳ ಕೈಗಳನ್ನು ಗಟ್ಟಿಯಾಗಿ ಹಿಡಿದುಕೊಂಡವಳು ನಾನೇ. ಅವಳ ಆ ನಡುಕ ಈಗಲೂ ನನ್ನ ಅಂಗೈಯಲ್ಲಿದೆ. ಬಟ್ಟೆ ಹಿಂಡುವಾಗ, ಹಿಟ್ಟು ತಿರುವುವಾಗ, ಇದ್ದಕ್ಕಿದ್ದಂತೆ ಬರುತ್ತದೆ.

ಇಲ್ಲಿ ಗೌರಿ ತಾನಾಗಿಯೇ ಬೇಲಿ ನುಸುಳಿ ಆ ಅಂಗಳಕ್ಕೆ ಹೋದಳು. ಸಣ್ಣ ಉಳಿಗೆ ಸುತ್ತಿಗೆ ಹೊಡೆದು ಆಡಿನ ತೊಗಲಿನಲ್ಲಿ ತೂತು ಕೊರೆಯುವ ಟಕ್ ಟಕ್ ಸದ್ದಿನ ಬಳಿ ಅಲುಗಾಡದೆ ಕುಳಿತಳು. ಆ ಮನೆಯ ಹಿರಿಯಾಕೆ ಓಬಳಮ್ಮ ಅವಳ ಕೈಗೂ ಒಂದು ಉಳಿ ಕೊಟ್ಟರು. ತೊಗಲು ಮುಟ್ಟುವವರ ಮನೆಗೆ ಮಗಳನ್ನು ಬಿಡುವುದೇ ಎಂದು ಯಜಮಾನರು ಸಿಡಿಮಿಡಿಗೊಂಡರು. ನಾನು ಕೇಳಿಸದವಳಂತಿದ್ದೆ. ಉಳಿ ಹಿಡಿದ ಮೇಲೆ ಅವಳು ಒಮ್ಮೆಯೂ ತಲೆ ಚಚ್ಚಿಕೊಂಡಿರಲಿಲ್ಲ.

ಒಂದು ಮಧ್ಯಾಹ್ನ ಅಂಗಳದಲ್ಲಿ ಗದ್ದಲ. ಹೊಸ ತೊಗಲಿನಲ್ಲಿ ಗೌರಿ ಎಲ್ಲಕ್ಕಿಂತ ಮೊದಲು ಕಣ್ಣು ಕೊರೆದುಬಿಟ್ಟಿದ್ದಳು. ಅವರಲ್ಲಿ ಕಣ್ಣು ಕಡೆಯ ಕೆಲಸ. ಪೂಜೆ ಮಾಡಿ ಹಿರಿಯರೇ ತೆರೆಯಬೇಕು. ಕಣ್ಣು ಬಂದರೆ ಗೊಂಬೆಗೆ ಜೀವ ಬಂದಂತೆ. ಇನ್ನು ಇಲ್ಲಿಯೂ ಬೆತ್ತವೇ ಗತಿ ಎಂದು ನಾನು ಅಳುತ್ತ ಕೈಮುಗಿದೆ.

“ಅಳಬ್ಯಾಡ ಕಣಮ್ಮ,” ಎಂದರು ಓಬಳಮ್ಮ. “ಕಣ್ಣು ಬುಟ್ಟೈತೆ. ಇನ್ನು ಅರ್ಧಕ್ಕೆ ಬುಡಂಗಿಲ್ಲ, ಎಸೆಯಂಗೂ ಇಲ್ಲ. ತೆರೆದೋಳೇ ಮುಗಿಸ್ಬೇಕು. ದಿನಾ ಕಳ್ಸು.” ಗೌರಿಯ ಕಡೆ ತಿರುಗಿ “ರಾ ತಲ್ಲೀ” ಎಂದರು. ಬಾ ತಾಯಿ ಎಂದು ಅದರ ಅರ್ಥ.

ಅಂದಿನಿಂದ ಆ ಅರೆಗೊಂಬೆ ಕೈಕಾಲಿಲ್ಲದೆ, ಕಣ್ಣಷ್ಟೇ ತೆರೆದು ಹಗ್ಗದ ಮೇಲಿಂದ ನನ್ನನ್ನೇ ನೋಡುತ್ತಿತ್ತು. ನಾನು ಮಾಡಿದ್ದೆಲ್ಲ ಅದಕ್ಕೆ ಗೊತ್ತು ಅನ್ನಿಸುತ್ತಿತ್ತು. ಬೆನ್ನು ಹಾಕಿಕೊಂಡೇ ನೀರು ಸೇದುತ್ತಿದ್ದೆ.

ಅಷ್ಟರಲ್ಲಿ ಮತ್ತೆ ಮೈಸೂರಿಗೆ ವರ್ಗವಾಯಿತು. ಗೌರಿಯನ್ನು ನಾಲ್ಕನೆಯ ಸಲ ದೆವ್ವ ಬಿಡಿಸಲು ದಿನ ನೋಡಿಸಿದ್ದೇನೆಂದು ಅತ್ತೆಯವರ ಕಾಗದವೂ ಬಂತು. ಗಾಡಿಗೆ ಸಾಮಾನು ಏರಿಸುವಾಗ, ನಾನೂ ಗೌರಿಯೂ ಬರುವುದಿಲ್ಲ ಎಂದೆ.

“ನಿಂಗೆ ತಲೆ ಕೆಟ್ಟಿದ್ಯೇನೇ?” ಎಂದರು ಯಜಮಾನರು.

“ಗೊಂಬೆ ಮುಗೀಲಿ. ಅರ್ಧಕ್ಕೆ ಬಿಟ್ರೆ ಮನೆಗೇ ಕೇಡಂತೆ.”

ಕೇಡಿನ ಮಾತು ನಾನೇ ಸೇರಿಸಿದ್ದು. ದೆವ್ವಕ್ಕೆ ಹೆದರುವವರು ಅದಕ್ಕೂ ಹೆದರಿದರು. ಮುಗಿದ ದಿನವೇ ಹೊರಟು ಬರಬೇಕೆಂದು ಹೇಳಿ ಒಬ್ಬರೇ ಹೋದರು.

ಈಗ ಸಂಜೆಯಾದರೆ ಮೈಸೂರಿನ ಮಲ್ಲಿಗೆ ಮಾರುವವಳ ಕೂಗು, ಯಜಮಾನರ ಕೆಮ್ಮು ಕಿವಿಯಲ್ಲೇ ಕೇಳಿಸುತ್ತವೆ. ಹೋಗಿಬಿಡೋಣ ಅನ್ನಿಸುತ್ತದೆ. ಬೆಳಿಗ್ಗೆ ಬೇಲಿಯಾಚೆ ಸುತ್ತಿಗೆಯ ಸದ್ದು ಶುರುವಾದರೆ ಇದೇ ನನ್ನ ಊರು ಅನ್ನಿಸುತ್ತದೆ. ಇನ್ನೆಷ್ಟು ಬಾಕಿ ಎಂದು ವಾರವಾರವೂ ಅವರ ಕಾಗದ ಬರುತ್ತದೆ. ಒಂದು ಕೈ ಬಾಕಿ ಎಂದು ನಿನ್ನೆಯೂ ಬರೆದು ಹಾಕಿದೆ.

ನಾನಿದನ್ನು ಬರೆದು ಕಳಿಸುತ್ತಿರುವ ಈ ಪತ್ರಿಕೆಯನ್ನು ಅವರೂ ತರಿಸುತ್ತಾರೆ. ಓದಲಿ. ಗೊಂಬೆ ಮುಗಿದು ತಿಂಗಳಾಯಿತು.